ಪುಟದೊಳಗೊಂದು ಪುಟ: ಜಾಲತಾಣಗಳ ಸಂವಾದ ಪೆಟ್ಟಿಗೆ ಮತ್ತು ಅದರ ಕಾರ್ಯವಿಧಾನ

ಅಂತರಜಾಲದ ಪುಟವೊಂದನ್ನು ಓದುತ್ತಿರುವಾಗ ಯಾವುದೋ ಹೆಸರಿನ ಮೇಲೆ ಒತ್ತಿದೊಡನೆ ಪುಟದ ನಡುವೆ ಚಿಕ್ಕ ಚೌಕಟ್ಟೊಂದು ತೆರೆದುಕೊಳ್ಳುವುದು, ಹಿಂದಿನ ಪುಟ ಮಸುಕಾಗುವುದು, ಚೌಕಟ್ಟನ್ನು ಮುಚ್ಚಿದಾಗ ಓದು ಬಿಟ್ಟಲ್ಲಿಂದಲೇ ಮುಂದುವರಿಯುವುದು ಇಂದು ಎಲ್ಲರಿಗೂ ಪರಿಚಿತವಾದ ಅನುಭವ. ರೈಲಿನ ಟಿಕೆಟ್ ಕಾಯ್ದಿರಿಸುವಾಗ, ವಿದ್ಯುತ್ ಬಿಲ್ಲು ಪಾವತಿಸುವಾಗ, ಮಕ್ಕಳ ಪರೀಕ್ಷೆಯ ಫಲಿತಾಂಶ ನೋಡುವಾಗ ಈ ಚೌಕಟ್ಟು ಎದುರಾಗುತ್ತದೆ. ಗಣಕ ತಂತ್ರಜ್ಞರು ಇದನ್ನು ಮೋಡಲ್ ಡಯಲಾಗ್ ಎಂದು ಕರೆಯುತ್ತಾರೆ. ಕನ್ನಡದಲ್ಲಿ ಸಂವಾದ ಪೆಟ್ಟಿಗೆ ಎನ್ನಬಹುದು. ಪೆಟ್ಟಿಗೆಯೊಳಗಿನ ಬರಹ ಅನೇಕ ವೇಳೆ ಮೊದಲಿನಿಂದಲೇ ಪುಟದಲ್ಲಿ ಅಡಗಿರುವುದಿಲ್ಲ; ಒತ್ತಿದ ಮೇಲೆಯೇ ದೂರದ ಸರ್ವರ್ ಯಂತ್ರದಿಂದ ಅದನ್ನು ತರಿಸಿ ತುಂಬಲಾಗುತ್ತದೆ. ಈ ಕೆಲಸ ಮಾಡುವುದು ಜಾವಾಸ್ಕ್ರಿಪ್ಟ್ ಎಂಬ ಗಣಕ ಭಾಷೆ. ನೋಡಲು ಸರಳವಾದ ಈ ಏರ್ಪಾಡು ಸರಿಯಾಗಿ ನಡೆಯಬೇಕಾದರೆ ಯಾವ ಯಾವ ಎಚ್ಚರಿಕೆಗಳು ಬೇಕು, ಅದು ಕೆಟ್ಟರೆ ಯಾರಿಗೆ ತೊಂದರೆ ಎಂಬುದನ್ನು ಇಲ್ಲಿ ವಿವರಿಸಲಾಗಿದೆ. ಊರ ಹೊರಗಿನ ಊರುಗಳಲ್ಲಿ ಕನ್ನಡ ಸಂಘಗಳ ಜಾಲತಾಣಗಳನ್ನು ನೋಡಿಕೊಳ್ಳುವ ಯುವಕ ಯುವತಿಯರಿಗೂ, ಅಂತಹ ತಾಣಗಳನ್ನು ಬಳಸುವ ಹಿರಿಯರಿಗೂ ಈ ವಿಷಯ ಉಪಯುಕ್ತವಾದೀತು.

ಮೋಡಲ್ ಎಂಬ ಮಾತು

ಅಂಚೆಯವನು ಸಾಮಾನ್ಯ ಕಾಗದವನ್ನು ಬಾಗಿಲ ಸಂದಿಯಲ್ಲಿ ತೂರಿಸಿ ಹೊರಟುಹೋಗುತ್ತಾನೆ. ರಿಜಿಸ್ಟರ್ ಕಾಗದವಾದರೆ ಬಾಗಿಲಲ್ಲೇ ನಿಲ್ಲುತ್ತಾನೆ. ಮನೆಯವರು ಮಾಡುತ್ತಿದ್ದ ಕೆಲಸ ಬಿಟ್ಟು ಬಂದು ರುಜು ಹಾಕಲೇಬೇಕು. ಮೋಡಲ್ ಪೆಟ್ಟಿಗೆ ಈ ಎರಡನೆಯ ಬಗೆಯದು. ಅದು ತೆರೆದಿರುವಷ್ಟು ಹೊತ್ತು ಹಿಂದಿನ ಪುಟದ ಯಾವ ಗುಂಡಿಯೂ ಕೆಲಸ ಮಾಡುವುದಿಲ್ಲ.

ಮೋಡ್ ಎಂದರೆ ಯಂತ್ರದ ಒಂದು ಸ್ಥಿತಿ. ಒಂದೇ ಕೀಲಿಯನ್ನು ಒತ್ತಿದರೂ ಯಂತ್ರ ಯಾವ ಸ್ಥಿತಿಯಲ್ಲಿದೆ ಎಂಬುದನ್ನು ಅನುಸರಿಸಿ ಫಲ ಬೇರೆಯಾಗುತ್ತದೆ. ಇದರ ಅಪಾಯವನ್ನು ಮೊದಲಿಗೆ ಗಟ್ಟಿಯಾಗಿ ಹೇಳಿದವರಲ್ಲಿ ಅಮೆರಿಕದ ಲ್ಯಾರಿ ಟೆಸ್ಲರ್ ಪ್ರಮುಖರು. 1970ರ ದಶಕದಲ್ಲಿ ಜೆರಾಕ್ಸ್ ಕಂಪನಿಯ ಪಾಲೋ ಆಲ್ಟೋ ಸಂಶೋಧನಾ ಕೇಂದ್ರದಲ್ಲಿ ಬ್ರಾವೊ ಎಂಬ ಬರವಣಿಗೆಯ ತಂತ್ರಾಂಶ ಬಳಕೆಯಲ್ಲಿತ್ತು. ಅದು ಆದೇಶ ಸ್ವೀಕರಿಸುವ ಸ್ಥಿತಿಯಲ್ಲಿದ್ದಾಗ, ಬರೆಯುವ ಸ್ಥಿತಿಯಲ್ಲಿದೆಯೆಂದು ತಪ್ಪಾಗಿ ತಿಳಿದು ಇಂಗ್ಲಿಷಿನ ‘ಎಡಿಟ್’ ಎಂಬ ನಾಲ್ಕಕ್ಷರ ಒತ್ತಿದವರ ಗತಿ ವಿಚಿತ್ರವಾಗುತ್ತಿತ್ತು: ‘ಇ’ ಎಂದರೆ ಎಲ್ಲವನ್ನೂ ಆರಿಸು, ‘ಡಿ’ ಎಂದರೆ ಅಳಿಸು, ‘ಐ’ ಎಂದರೆ ಹೊಸತನ್ನು ಸೇರಿಸು ಎಂದು ಯಂತ್ರ ಅರ್ಥಮಾಡಿಕೊಂಡು, ಇಡೀ ದಸ್ತಾವೇಜನ್ನು ಅಳಿಸಿ ಅದರ ಜಾಗದಲ್ಲಿ ‘ಟಿ’ ಎಂಬ ಒಂದೇ ಅಕ್ಷರವನ್ನು ಬರೆದಿಡುತ್ತಿತ್ತು. ಟೆಸ್ಲರ್ ತಮ್ಮ ಕಾರಿನ ನಂಬರ್ ಫಲಕದ ಮೇಲೂ ‘ನೋ ಮೋಡ್ಸ್’ ಎಂದು ಬರೆಸಿಕೊಂಡಿದ್ದರು. ಕತ್ತರಿಸಿ ಅಂಟಿಸುವ ಇಂದಿನ ಕ್ರಮವನ್ನು ರೂಪಿಸಿದವರಲ್ಲಿ ಒಬ್ಬರಾದ ಅವರು 2020ರಲ್ಲಿ ನಿಧನರಾದರು. ಸ್ಥಿತಿಗಳನ್ನು ಸಂಪೂರ್ಣವಾಗಿ ನಿವಾರಿಸಲು ಸಾಧ್ಯವಾಗಲಿಲ್ಲವಾದರೂ, ಬಳಕೆದಾರನನ್ನು ಒಂದು ಸ್ಥಿತಿಯಲ್ಲಿ ಸಿಲುಕಿಸುವ ಮುನ್ನ ಅದಕ್ಕೆ ಕಾರಣವಿರಬೇಕು ಎಂಬ ಅವರ ಆಗ್ರಹ ಇಂದಿಗೂ ಸಲ್ಲುತ್ತದೆ.

1995ರಿಂದ ಈಚೆಗೆ

ಭಾರತದಲ್ಲಿ ಸಾರ್ವಜನಿಕರಿಗೆ ಅಂತರಜಾಲ ಸೇವೆ ದೊರೆತದ್ದು 1995ರ ಆಗಸ್ಟ್ 15ರಂದು, ವಿದೇಶ ಸಂಚಾರ ನಿಗಮದ ಮೂಲಕ. ಅದೇ ವರ್ಷದ ಮೇ ತಿಂಗಳಲ್ಲಿ ನೆಟ್‌ಸ್ಕೇಪ್ ಸಂಸ್ಥೆಯ ಬ್ರೆಂಡನ್ ಐಕ್ ಹತ್ತು ದಿನಗಳಲ್ಲಿ ಜಾವಾಸ್ಕ್ರಿಪ್ಟ್ ಭಾಷೆಯ ಮೊದಲ ರೂಪವನ್ನು ಸಿದ್ಧಪಡಿಸಿದ್ದರು. ಅದರೊಂದಿಗೇ ಬಂದವು ‘ಅಲರ್ಟ್’, ‘ಕನ್ಫರ್ಮ್’, ‘ಪ್ರಾಂಪ್ಟ್’ ಎಂಬ ಮೂರು ಪೆಟ್ಟಿಗೆಗಳು. ಇವು ಕೇವಲ ಒಂದೆರಡು ಸಾಲಿನ ಮಾತನ್ನು ತೋರಿಸಬಲ್ಲವು. ಚಿತ್ರ, ಪಟ್ಟಿ, ಕೊಂಡಿ ಯಾವುದೂ ಅವುಗಳಲ್ಲಿ ಹಿಡಿಯುವುದಿಲ್ಲ. ಉತ್ತರ ಬರುವ ತನಕ ಆ ಪುಟದ ಜಾವಾಸ್ಕ್ರಿಪ್ಟ್ ಅಲ್ಲಿಯೇ ನಿಂತುಬಿಡುತ್ತದೆ.

ಹೆಚ್ಚಿನದನ್ನು ತೋರಿಸಬೇಕಾದವರು ಬ್ರೌಸರಿನ ಹೊಸ ಕಿಟಕಿಯನ್ನೇ ತೆರೆಯತೊಡಗಿದರು. ಜಾಹೀರಾತುದಾರರೂ ಈ ದಾರಿ ಹಿಡಿದುದರಿಂದ ಒಂದು ಪುಟ ತೆರೆದರೆ ನಾಲ್ಕು ಕಿಟಕಿ ಏಳುವಂತಾಯಿತು. ಕೊನೆಗೆ ಬ್ರೌಸರುಗಳೇ ಇಂತಹ ಕಿಟಕಿಗಳನ್ನು ತಡೆಯಬೇಕಾಯಿತು. ಪಾಪ್-ಅಪ್ ಜಾಹೀರಾತಿನ ಕಾರ್ಯಕ್ರಮವನ್ನು ಮೊದಲು ಬರೆದವರಲ್ಲಿ ಒಬ್ಬರಾದ ಈಥನ್ ಜುಕರ್‌ಮನ್ 2014ರಲ್ಲಿ ಅದಕ್ಕಾಗಿ ಬಹಿರಂಗವಾಗಿ ಕ್ಷಮೆ ಕೇಳಿದರು. ಮೈಕ್ರೋಸಾಫ್ಟ್ ತನ್ನ ನಾಲ್ಕನೆಯ ಎಕ್ಸ್‌ಪ್ಲೋರರ್ ಬ್ರೌಸರಿನಲ್ಲಿ 1997ರಲ್ಲಿ ‘ಶೋ ಮೋಡಲ್ ಡಯಲಾಗ್’ ಎಂಬ ಆದೇಶವನ್ನು ಕೊಟ್ಟಿತ್ತು. ಅದೂ ಕಾರ್ಯಕ್ರಮವನ್ನು ಸ್ತಬ್ಧಗೊಳಿಸುವಂಥದ್ದೇ. ಆದ್ದರಿಂದ ಕ್ರೋಮ್ 2014ರಲ್ಲಿಯೂ ಫೈರ್‌ಫಾಕ್ಸ್ 2017ರಲ್ಲಿಯೂ ಅದನ್ನು ಕೈಬಿಟ್ಟವು.

ಇತ್ತ ಬರಹವನ್ನು ತರಿಸುವ ವಿಧಾನವೂ ಬೆಳೆಯುತ್ತಿತ್ತು. 1999ರ ಮಾರ್ಚ್‌ನಲ್ಲಿ ಐದನೆಯ ಎಕ್ಸ್‌ಪ್ಲೋರರ್ ಬಿಡುಗಡೆಯಾದಾಗ, ಪುಟವನ್ನು ಬದಲಿಸದೆಯೇ ಸರ್ವರಿನೊಂದಿಗೆ ಮಾತನಾಡಬಲ್ಲ ಒಂದು ಸಲಕರಣೆ ಅದರೊಳಗಿತ್ತು. ಅಂಚೆಯ ತಂತ್ರಾಂಶವಾದ ಔಟ್‌ಲುಕ್ ವೆಬ್ ಆಕ್ಸೆಸ್‌ಗಾಗಿ ಅದನ್ನು ರೂಪಿಸಲಾಗಿತ್ತು. 2004ರ ಜಿಮೇಲ್, 2005ರ ಗೂಗಲ್ ಮ್ಯಾಪ್ಸ್ ಈ ಬಗೆಯ ವಿಧಾನದ ಶಕ್ತಿಯನ್ನು ಜನಸಾಮಾನ್ಯರಿಗೆ ತೋರಿಸಿಕೊಟ್ಟವು. 2005ರ ಫೆಬ್ರವರಿಯಲ್ಲಿ ಜೆಸ್ಸಿ ಜೇಮ್ಸ್ ಗ್ಯಾರೆಟ್ ಇದಕ್ಕೆ ‘ಏಜಾಕ್ಸ್’ ಎಂಬ ಹೆಸರಿಟ್ಟರು. ಮರು ವರ್ಷ ಜಾನ್ ರೆಸಿಗ್ ಪ್ರಕಟಿಸಿದ ಜೇಕ್ವೆರಿ ಸಂಗ್ರಹ ಈ ಕೆಲಸವನ್ನು ಒಂದೇ ಸಾಲಿಗೆ ಇಳಿಸಿತು. 2015ರಿಂದ ಬ್ರೌಸರುಗಳಲ್ಲಿಯೇ ‘ಫೆಚ್’ ಎಂಬ ಆದೇಶ ದೊರೆಯಿತು. ಪೆಟ್ಟಿಗೆಗಾಗಿಯೇ ಮೀಸಲಾದ ‘ಡಯಲಾಗ್’ ಎಂಬ ಅಂಗ ಕ್ರೋಮ್‌ನಲ್ಲಿ 2014ರಲ್ಲಿ ಬಂದಿತಾದರೂ, ಫೈರ್‌ಫಾಕ್ಸ್ ಮತ್ತು ಸಫಾರಿಗಳು ಅದನ್ನು ಸ್ವೀಕರಿಸಿದ್ದು 2022ರ ಮಾರ್ಚ್‌ನಲ್ಲಿ. ನಡುವಿನ ಎಂಟು ವರ್ಷ ತಂತ್ರಜ್ಞರು ತಮ್ಮ ತಮ್ಮ ಪೆಟ್ಟಿಗೆಗಳನ್ನು ತಾವೇ ಹೊಂದಿಸಿಕೊಳ್ಳುತ್ತಿದ್ದರು. ಇಂದು ಕಾಣುವ ಅನೇಕ ದೋಷಗಳು ಆ ಕಾಲದ ಬಳುವಳಿ.

ಒಂದು ಗ್ರಂಥಾಲಯದ ಉದಾಹರಣೆ

ಮುಂಬಯಿಯ ಉಪನಗರವೊಂದರಲ್ಲಿ ಕನ್ನಡ ಸಂಘದ ಗ್ರಂಥಾಲಯವೊಂದಿದೆ ಎಂದು ಭಾವಿಸೋಣ. ಮೂರು ಸಾವಿರ ಪುಸ್ತಕಗಳ ಪಟ್ಟಿಯನ್ನು ಜಾಲತಾಣದಲ್ಲಿ ಹಾಕಲಾಗಿದೆ. ಪುಸ್ತಕದ ಹೆಸರನ್ನು ಒತ್ತಿದರೆ ಲೇಖಕರ ಪರಿಚಯ, ಪ್ರಕಟವಾದ ವರ್ಷ, ಪುಟಸಂಖ್ಯೆ, ಪ್ರತಿ ಕಪಾಟಿನಲ್ಲಿದೆಯೋ ಎರವಲು ಹೋಗಿದೆಯೋ ಎಂಬ ವಿವರ ಕಾಣಬೇಕು. ಮೂರು ಸಾವಿರ ಪುಸ್ತಕಗಳ ವಿವರವನ್ನೂ ಪಟ್ಟಿಯೊಡನೆಯೇ ಕಳುಹಿಸಿದರೆ ಪುಟ ತೀರ ಭಾರವಾಗುತ್ತದೆ. ಹೆಸರಿಗೊಂದರಂತೆ ಬೇರೆ ಪುಟಕ್ಕೆ ಕರೆದೊಯ್ದರೆ, ಎಂಟುನೂರನೆಯ ಪುಸ್ತಕದವರೆಗೆ ಸರಿಸಿಕೊಂಡು ಬಂದ ಓದುಗ ಮತ್ತೆ ಆ ಜಾಗವನ್ನು ಹುಡುಕಬೇಕಾದೀತು. ಬೇಕಾದ ವಿವರವನ್ನು ಬೇಕಾದಾಗ ತರಿಸಿ ಪೆಟ್ಟಿಗೆಯಲ್ಲಿ ತೋರಿಸುವುದು ಇಲ್ಲಿ ಉಚಿತವಾದ ಮಾರ್ಗ.

ಮೊದಲ ನಿಯಮ, ಪುಸ್ತಕದ ಹೆಸರು ನಿಜವಾದ ಕೊಂಡಿಯಾಗಿರಬೇಕು. ಅದಕ್ಕೆ ತನ್ನದೇ ವಿಳಾಸವಿರಬೇಕು, ಆ ವಿಳಾಸದಲ್ಲಿ ಪುಸ್ತಕದ ಪೂರ್ಣ ಪುಟವಿರಬೇಕು. ಜಾವಾಸ್ಕ್ರಿಪ್ಟ್ ಯಾವುದೋ ಕಾರಣದಿಂದ ಕೆಲಸ ಮಾಡದಿದ್ದರೆ ಓದುಗ ಆ ಪುಟಕ್ಕೇ ಹೋಗುತ್ತಾನೆ, ಬರಿಗೈಯಲ್ಲಿ ಉಳಿಯುವುದಿಲ್ಲ. ಪುಣೆಯ ಗೆಳೆಯರಿಗೆ ಆ ಪುಸ್ತಕದ ವಿಳಾಸವನ್ನು ಕಳುಹಿಸಲೂ ಸಾಧ್ಯವಾಗುತ್ತದೆ. ಕೊಂಡಿಯ ಜಾಗದಲ್ಲಿ ವಿಳಾಸವಿಲ್ಲದ ಬಣ್ಣದ ಅಕ್ಷರಗಳನ್ನಿಟ್ಟು ಎಲ್ಲವನ್ನೂ ಜಾವಾಸ್ಕ್ರಿಪ್ಟಿನ ಮೇಲೆ ಹೊರಿಸುವುದು ಸಾಮಾನ್ಯವಾಗಿ ಕಾಣುವ ತಪ್ಪು.

ಕೊಂಡಿಯನ್ನು ಒತ್ತಿದಾಗ ಕಾರ್ಯಕ್ರಮವು ಪುಟ ಬದಲಾಗುವ ಸಹಜ ಕ್ರಿಯೆಯನ್ನು ತಡೆಯುತ್ತದೆ. ಕಂಟ್ರೋಲ್ ಕೀಲಿ ಹಿಡಿದು ಒತ್ತಿದವರು ಹೊಸ ಹಾಳೆಯಲ್ಲಿ ತೆರೆಯಲು ಬಯಸಿದ್ದಾರೆ; ಅವರನ್ನು ತಡೆಯಬಾರದು. ತಡೆದ ಬಳಿಕ ಪೆಟ್ಟಿಗೆಯನ್ನು ಕೂಡಲೇ ತೆರೆದು, ವಿವರ ತರಲಾಗುತ್ತಿದೆ ಎಂಬ ಒಂದು ಸಾಲನ್ನು ತೋರಿಸಬೇಕು. ಬರಹ ಬಂದ ಮೇಲೆಯೇ ಪೆಟ್ಟಿಗೆ ತೆರೆಯುವುದು ಮೇಲೆಂದು ತೋರಬಹುದು. ಆದರೆ ಸಂಪರ್ಕ ನಿಧಾನವಾಗಿದ್ದಾಗ ಒತ್ತಿದ್ದಕ್ಕೆ ಏನೂ ಆಗಲಿಲ್ಲವೆಂದು ಜನ ಮತ್ತೆ ಮತ್ತೆ ಒತ್ತುತ್ತಾರೆ.

ಅನಂತರ ‘ಫೆಚ್’ ಆದೇಶ ಸರ್ವರಿಗೆ ಕೋರಿಕೆ ಕಳುಹಿಸುತ್ತದೆ. ಇಲ್ಲಿ ಹೊಸಬರು ಎಡವುವ ಒಂದು ಸೂಕ್ಷ್ಮವಿದೆ. ಕೇಳಿದ ಪುಟವೇ ಇಲ್ಲ ಎಂದು ಸರ್ವರ್ 404 ಸಂಖ್ಯೆಯೊಡನೆ ಉತ್ತರಿಸಿದರೂ, ಒಳಗೆ ಕೆಟ್ಟಿದೆ ಎಂದು 500 ಸಂಖ್ಯೆ ಕಳುಹಿಸಿದರೂ ‘ಫೆಚ್’ ಅದನ್ನು ಸೋಲೆಂದು ಎಣಿಸುವುದಿಲ್ಲ. ಉತ್ತರ ಬಂದಿತಲ್ಲವೆ, ಅದಕ್ಕೆ ಅಷ್ಟೇ ಸಾಕು. ಸಂಪರ್ಕವೇ ಕಡಿದಾಗ ಮಾತ್ರ ಅದು ಸೋಲನ್ನು ವರದಿ ಮಾಡುತ್ತದೆ. ಆದ್ದರಿಂದ ಉತ್ತರದ ಸ್ಥಿತಿಸಂಖ್ಯೆಯನ್ನು ಕಾರ್ಯಕ್ರಮವೇ ಪರಿಶೀಲಿಸಬೇಕು. ಇಲ್ಲವಾದರೆ ಸರ್ವರಿನ ದೋಷದ ಪುಟವೇ ಪುಸ್ತಕದ ವಿವರವೆಂಬಂತೆ ಪೆಟ್ಟಿಗೆಯಲ್ಲಿ ಕುಳಿತುಕೊಳ್ಳುತ್ತದೆ. ಇದೇ ಜಾತಿಯ ಇನ್ನೊಂದು ವಿನೋದವೆಂದರೆ, ಸದಸ್ಯರು ಲಾಗಿನ್ ಆಗಿ ಬಹಳ ಹೊತ್ತಾಗಿ ಅವಧಿ ಮುಗಿದಿದ್ದರೆ ಸರ್ವರ್ ಕೋರಿಕೆಯನ್ನು ಲಾಗಿನ್ ಪುಟಕ್ಕೆ ತಿರುಗಿಸುತ್ತದೆ. ‘ಫೆಚ್’ ವಿಧೇಯವಾಗಿ ಅದನ್ನೇ ಹಿಂಬಾಲಿಸುತ್ತದೆ. ಕೊನೆಗೆ ಕಾದಂಬರಿಯ ವಿವರ ಇರಬೇಕಾದಲ್ಲಿ ತಲೆಬರಹ, ಅಡಿಬರಹ ಸಮೇತವಾಗಿ ಇಡೀ ಲಾಗಿನ್ ಪುಟ ಕಾಣಿಸಿಕೊಳ್ಳುತ್ತದೆ. ಉತ್ತರ ಬೇರೆಡೆಗೆ ತಿರುಗಿ ಬಂದಿದೆಯೇ ಎಂದು ತಿಳಿಯುವ ಉಪಾಯ ‘ಫೆಚ್’ನಲ್ಲಿಯೇ ಇದೆ, ಬಳಸುವವರು ಕಡಿಮೆ.

ಕಾಯುವ ಅವಧಿಗೂ ಒಂದು ಮಿತಿ ಬೇಕು. ‘ಫೆಚ್’ ತಾನಾಗಿ ಅಂತಹ ಮಿತಿಯನ್ನು ಹಾಕಿಕೊಳ್ಳುವುದಿಲ್ಲ. ಮುಂಬಯಿಯಿಂದ ಮಂಗಳೂರಿಗೆ ಕೊಂಕಣ ರೈಲಿನಲ್ಲಿ ಹೊರಟವರ ಫೋನಿಗೆ ಸುರಂಗ ಬಂದಾಗಲೆಲ್ಲ ಸಂಪರ್ಕ ತಪ್ಪುತ್ತದೆ. ಹತ್ತು ಹದಿನೈದು ಸೆಕೆಂಡುಗಳಲ್ಲಿ ಉತ್ತರ ಬಾರದಿದ್ದರೆ ಕೋರಿಕೆಯನ್ನು ರದ್ದುಪಡಿಸಿ, ಸಂಪರ್ಕ ದೊರೆಯಲಿಲ್ಲ ಎಂಬ ಮಾತನ್ನೂ, ಮತ್ತೆ ಪ್ರಯತ್ನಿಸುವ ಗುಂಡಿಯನ್ನೂ, ಪೂರ್ಣ ಪುಟದ ಕೊಂಡಿಯನ್ನೂ ಪೆಟ್ಟಿಗೆಯಲ್ಲಿ ತೋರಿಸುವುದು ಲೇಸು.

ತಡವಾಗಿ ಬಂದ ಉತ್ತರ

ಈ ವಿಧಾನದ ಅತ್ಯಂತ ಅಪಾಯಕರ ದೋಷ ಕಣ್ಣಿಗೆ ಬೀಳದಂಥದ್ದು. ಓದುಗ ಮೊದಲು ಒಂದು ಪುಸ್ತಕವನ್ನು ಒತ್ತುತ್ತಾನೆ. ವಿವರ ಬರುವುದು ತಡವಾಗುತ್ತದೆ. ಪೆಟ್ಟಿಗೆ ಮುಚ್ಚಿ ಎರಡನೆಯ ಪುಸ್ತಕವನ್ನು ಒತ್ತುತ್ತಾನೆ. ಎರಡನೆಯದರ ಉತ್ತರ ಬೇಗ ಬಂದು ಪೆಟ್ಟಿಗೆ ತುಂಬುತ್ತದೆ. ಅಷ್ಟರಲ್ಲಿ ಮೊದಲನೆಯದರ ಉತ್ತರವೂ ಬಂದು ಅದರ ಮೇಲೆಯೇ ಕೂರುತ್ತದೆ. ತಲೆಬರಹದಲ್ಲಿ ಒಂದು ಪುಸ್ತಕ, ಕೆಳಗೆ ಇನ್ನೊಂದರ ವಿವರ. ಕೋರಿಕೆಗಳು ಹೋದ ಕ್ರಮದಲ್ಲಿಯೇ ಉತ್ತರಗಳು ಬರಬೇಕೆಂಬ ನಿಯಮ ಜಾಲದಲ್ಲಿಲ್ಲ.

ಗ್ರಂಥಾಲಯದಲ್ಲಿ ಇದರಿಂದ ಆಗುವ ನಷ್ಟ ಅಲ್ಪ. ಆದರೆ ಇದೇ ಕಾರ್ಯಕ್ರಮ ಒಂದು ಆಸ್ಪತ್ರೆಯ ಪ್ರಯೋಗಾಲಯದ ಪಟ್ಟಿಗೆ ಜೋಡಣೆಯಾಗಿದ್ದರೆ? ಒಬ್ಬ ರೋಗಿಯ ಹೆಸರಿನ ಕೆಳಗೆ ಮತ್ತೊಬ್ಬರ ರಕ್ತಪರೀಕ್ಷೆಯ ಅಂಕಿಗಳು ಕಾಣಿಸಿಕೊಂಡರೆ, ನೋಡುವ ದಾದಿಗೆ ಅನುಮಾನ ಬರಲು ಯಾವ ಕಾರಣವೂ ಇರುವುದಿಲ್ಲ. ತಯಾರಿಸಿದವರ ಕಚೇರಿಯಲ್ಲಿ ಸಂಪರ್ಕ ವೇಗವಾಗಿರುವುದರಿಂದ ಉತ್ತರಗಳು ಅಡ್ಡಾದಿಡ್ಡಿಯಾಗುವ ಸಂದರ್ಭವೇ ಬರುವುದಿಲ್ಲ. ಪರೀಕ್ಷೆಯಲ್ಲಿ ಎಲ್ಲವೂ ಸರಿಯಾಗಿಯೇ ಕಾಣುತ್ತದೆ. ದೋಷ ತಲೆದೋರುವುದು ದುರ್ಬಲ ಸಂಪರ್ಕದ ಊರುಗಳಲ್ಲಿ, ಅದೂ ಆಗೊಮ್ಮೆ ಈಗೊಮ್ಮೆ.

ಪರಿಹಾರ ಕಷ್ಟವಲ್ಲ. ‘ಅಬಾರ್ಟ್ ಕಂಟ್ರೋಲರ್’ ಎಂಬ ಸಲಕರಣೆಯಿಂದ ಪೆಟ್ಟಿಗೆ ಮುಚ್ಚಿದೊಡನೆ ಹಳೆಯ ಕೋರಿಕೆಯನ್ನು ರದ್ದುಪಡಿಸಬಹುದು. ಜೊತೆಗೆ ಪ್ರತಿ ಕೋರಿಕೆಗೂ ಕ್ರಮಸಂಖ್ಯೆಯೊಂದನ್ನು ಕೊಟ್ಟು, ಉತ್ತರ ಬಂದಾಗ ಅದು ಇತ್ತೀಚಿನ ಕೋರಿಕೆಯದೇ ಎಂದು ನೋಡಿ, ಅಲ್ಲವಾದರೆ ಬಿಸಾಡಬೇಕು. ಹೆಸರನ್ನು ಮೊದಲೇ ತಲೆಬರಹದಲ್ಲಿ ಬರೆದಿಡದೆ, ಬಂದ ಉತ್ತರದಲ್ಲಿರುವ ಹೆಸರನ್ನೇ ತೋರಿಸಿದರೆ ಇನ್ನೂ ಕ್ಷೇಮ: ಆಗ ತಪ್ಪು ಉತ್ತರ ಬಂದರೂ ತಪ್ಪು ಹೆಸರಿನ ಕೆಳಗೆ ಬರುವುದಿಲ್ಲ. ನಾಲ್ಕೈದು ಸಾಲುಗಳ ಈ ಎಚ್ಚರಿಕೆಯನ್ನು ಬಿಟ್ಟುಬಿಡಲು ಯಾವ ಸಬೂಬೂ ಸಾಲದು.

ಕನ್ನಡ ಅಕ್ಷರಗಳ ವಿಷಯ

ಕನ್ನಡದ ಬರಹವನ್ನು ತರಿಸುವಾಗ ಕೆಲವು ವಿಶೇಷಗಳಿವೆ. ‘ಫೆಚ್’ನ ಮೂಲಕ ಬಂದ ಉತ್ತರವನ್ನು ಪಠ್ಯವಾಗಿ ಓದಿದಾಗ, ಸರ್ವರ್ ಬೇರೆ ಸಂಕೇತಕ್ರಮವನ್ನು ಘೋಷಿಸಿದ್ದರೂ ಬ್ರೌಸರ್ ಅದನ್ನು ಯುಟಿಎಫ್-8 ಎಂದೇ ಓದುತ್ತದೆ. ಹೊಸ ಯೂನಿಕೋಡ್ ಬರಹಕ್ಕೆ ಇದರಿಂದ ಅಡ್ಡಿಯಿಲ್ಲ. ತೊಂದರೆಯಿರುವುದು ಹಳೆಯ ಕಡತಗಳಲ್ಲಿ. ಅನೇಕ ಸಂಘಗಳ ಹಳೆಯ ಪುಟಗಳು ನುಡಿ, ಬರಹ ಮುಂತಾದ ತಂತ್ರಾಂಶಗಳ ಫಾಂಟ್ ಆಧಾರಿತ ಕ್ರಮದಲ್ಲಿವೆ. ಅಲ್ಲಿ ನಿಜವಾಗಿ ಶೇಖರವಾಗಿರುವುದು ರೋಮನ್ ಅಕ್ಷರ ಹಾಗೂ ಚಿಹ್ನೆಗಳು; ನಿರ್ದಿಷ್ಟ ಫಾಂಟ್ ಇದ್ದಾಗ ಮಾತ್ರ ಅವು ಕನ್ನಡವಾಗಿ ಕಾಣುತ್ತವೆ. ಅಂತಹ ಪುಟದ ತುಣುಕನ್ನು ತಂದು ಹೊಸ ಪುಟದ ಪೆಟ್ಟಿಗೆಯಲ್ಲಿ ಹಾಕಿದರೆ, ಹಳೆಯ ಪುಟದ ಫಾಂಟಿನ ನಿರ್ದೇಶನ ಹಿಂದೆಯೇ ಉಳಿದು ಅರ್ಥವಿಲ್ಲದ ಇಂಗ್ಲಿಷ್ ಅಕ್ಷರಗಳ ರಾಶಿ ಕಾಣುತ್ತದೆ. ಮೊದಲು ಕಡತವನ್ನೇ ಯೂನಿಕೋಡಿಗೆ ಪರಿವರ್ತಿಸುವುದೊಂದೇ ಶಾಶ್ವತ ಉಪಾಯ.

ಯುಟಿಎಫ್-8 ಕ್ರಮದಲ್ಲಿ ಕನ್ನಡದ ಪ್ರತಿಯೊಂದು ಸಂಕೇತವೂ 3 ಬೈಟುಗಳನ್ನು ತೆಗೆದುಕೊಳ್ಳುತ್ತದೆ. ‘ಲಕ್ಷ್ಮಿ’ ಎಂಬ ಹೆಸರು ಓದುವ ಕಣ್ಣಿಗೆ ಎರಡೇ ಅಕ್ಷರವಾದರೂ ಯಂತ್ರಕ್ಕೆ ಏಳು ಸಂಕೇತಗಳು, 21 ಬೈಟುಗಳು. ಪರಿಚಯದ ಮೊದಲ ನೂರು ಸಂಕೇತಗಳನ್ನು ಮಾತ್ರ ತೋರಿಸಬೇಕೆಂದು ಕಣ್ಣುಮುಚ್ಚಿ ಕತ್ತರಿಸಿದರೆ ಕತ್ತರಿ ಒತ್ತಕ್ಷರದ ನಡುವೆ ಬಿದ್ದು ಲಕ್ಷ್ಮಿ ‘ಲಕ್’ ಆಗಿ ಉಳಿಯಬಹುದು. ಬೈಟುಗಳನ್ನೆಣಿಸಿ ಕತ್ತರಿಸಿದರೆ ಕೊನೆಯಲ್ಲಿ ಪ್ರಶ್ನೆಚಿಹ್ನೆಯ ಕಪ್ಪು ಹರಳು ಮೂಡಬಹುದು. ಪದಗಳ ನಡುವಿನ ತೆರಪಿನಲ್ಲಿ ಕತ್ತರಿಸುವುದು ಕ್ಷೇಮ. ವಿಳಾಸದಲ್ಲಿ ಕನ್ನಡ ಪದವನ್ನಿಟ್ಟಾಗಲೂ ಹಾಗೆಯೇ: ಪ್ರತಿ ಸಂಕೇತವೂ ಶೇಕಡಾ ಚಿಹ್ನೆಗಳೊಡನೆ ಒಂಬತ್ತು ಅಕ್ಷರಗಳಷ್ಟು ಉದ್ದವಾಗುತ್ತದೆ; ‘ಕಾರಂತ’ ಎಂಬುದು 45 ಅಕ್ಷರವಾಗುತ್ತದೆ. ಆದಕಾರಣ ವಿಳಾಸದಲ್ಲಿ ಪುಸ್ತಕದ ಹೆಸರಿಗಿಂತ ಅದರ ಕ್ರಮಾಂಕವನ್ನಿಡುವುದು ವಾಸಿ.

ಕಣ್ಣು ಕಾಣದವರ ಓದು

ದೃಷ್ಟಿಹೀನರು ಜಾಲಪುಟವನ್ನು ಓದುವುದು ಪರದೆಯ ಬರಹವನ್ನು ಧ್ವನಿಯಾಗಿಸುವ ತಂತ್ರಾಂಶದ ನೆರವಿನಿಂದ. ಉಚಿತವಾಗಿ ದೊರೆಯುವ ಎನ್‌ವಿಡಿಎ ಅಂತಹವುಗಳಲ್ಲಿ ಒಂದು. ಕನ್ನಡವನ್ನು ಉಚ್ಚರಿಸುವ ಧ್ವನಿಯೂ ಅದರಲ್ಲಿದೆ. ಮೌಸ್ ಬದಲು ಕೀಲಿಮಣೆಯ ಟ್ಯಾಬ್ ಕೀಲಿಯಿಂದ ಒಂದು ಕೊಂಡಿಯಿಂದ ಮತ್ತೊಂದಕ್ಕೆ ಇವರು ಸಾಗುತ್ತಾರೆ. ಈಗ ಎಲ್ಲಿದ್ದೇವೆ ಎಂಬ ಸ್ಥಾನಕ್ಕೆ ಫೋಕಸ್ ಎಂದು ಹೆಸರು. ಹಳೆಯ ಮಾದರಿಯ ಪೆಟ್ಟಿಗೆಗಳಲ್ಲಿ, ಕಣ್ಣಿದ್ದವರಿಗೆ ಪೆಟ್ಟಿಗೆ ತೆರೆದದ್ದು ಕಾಣುತ್ತಿದ್ದರೂ ಫೋಕಸ್ ಹಿಂದಿನ ಪುಟದಲ್ಲಿಯೇ ಉಳಿಯುತ್ತಿತ್ತು. ಕಾಣದವರಿಗೆ ಏನೂ ಆಗಿರುತ್ತಿರಲಿಲ್ಲ. ಅವರು ಮಸುಕಾದ ಪುಟದಲ್ಲೇ ಟ್ಯಾಬ್ ಒತ್ತುತ್ತ ಹೋಗುತ್ತಿದ್ದರು.

‘ಡಯಲಾಗ್’ ಅಂಗವನ್ನು ‘ಶೋ ಮೋಡಲ್’ ಆದೇಶದಿಂದ ತೆರೆದರೆ ಇದರಲ್ಲಿ ಬಹುಪಾಲನ್ನು ಬ್ರೌಸರೇ ನೋಡಿಕೊಳ್ಳುತ್ತದೆ. ಫೋಕಸ್ ಪೆಟ್ಟಿಗೆಯೊಳಗೆ ಬರುತ್ತದೆ, ಹಿಂದಿನ ಪುಟ ಜಡವಾಗುತ್ತದೆ, ಎಸ್ಕೇಪ್ ಕೀಲಿಯಿಂದ ಪೆಟ್ಟಿಗೆ ಮುಚ್ಚುತ್ತದೆ, ಮುಚ್ಚಿದಾಗ ಫೋಕಸ್ ಮೊದಲಿದ್ದ ಕೊಂಡಿಗೆ ಹಿಂದಿರುಗುತ್ತದೆ. ಆದರೆ ಬರಹ ಆಮೇಲೆ ಬರುವುದರಿಂದ ಎರಡು ಕೆಲಸಗಳು ಉಳಿಯುತ್ತವೆ. ಪೆಟ್ಟಿಗೆಗೆ ಒಂದು ಹೆಸರನ್ನು ಕೊಡಬೇಕು. ಇಲ್ಲದಿದ್ದರೆ ಧ್ವನಿ ತಂತ್ರಾಂಶ ಕೇವಲ ‘ಡಯಲಾಗ್’ ಎಂದಷ್ಟೇ ಹೇಳಿ ಸುಮ್ಮನಾಗುತ್ತದೆ. ಬರಹ ಬಂದು ಸೇರಿದಾಗ ಆ ಸಂಗತಿ ಕಿವಿಗೂ ತಿಳಿಯುವಂತೆ ಫೋಕಸನ್ನು ಹೊಸ ತಲೆಬರಹಕ್ಕೆ ಒಯ್ಯಬೇಕು, ಅಥವಾ ಬದಲಾವಣೆಯನ್ನು ಘೋಷಿಸುವ ಜಾಗವೊಂದನ್ನು ಗೊತ್ತುಪಡಿಸಬೇಕು. ಇಂಗ್ಲಿಷ್ ಪುಟದೊಳಗೆ ಕನ್ನಡದ ತುಣುಕು ಬಂದು ಸೇರುವುದಾದರೆ ಆ ತುಣುಕಿಗೆ ಕನ್ನಡವೆಂಬ ಭಾಷಾಸೂಚನೆ ಇರಲೇಬೇಕು. ಅದಿಲ್ಲದೆ ಇಂಗ್ಲಿಷ್ ಧ್ವನಿ ಕನ್ನಡವನ್ನು ಓದಲು ಹೊರಟರೆ ಕೇಳುವವರ ಪಾಡು ಹೇಳತೀರದು.

ಇದು ಕೇವಲ ಸೌಜನ್ಯದ ಪ್ರಶ್ನೆಯಲ್ಲ. 2016ರ ಅಂಗವಿಕಲ ವ್ಯಕ್ತಿಗಳ ಹಕ್ಕುಗಳ ಅಧಿನಿಯಮದ 42ನೆಯ ಪ್ರಕರಣ ಮಾಹಿತಿ ಮತ್ತು ಸಂವಹನ ತಂತ್ರಜ್ಞಾನ ಎಲ್ಲರಿಗೂ ಎಟಕುವಂತಿರಬೇಕೆಂದು ವಿಧಿಸುತ್ತದೆ. ಸರ್ಕಾರಿ ಜಾಲತಾಣಗಳ ಮಾರ್ಗದರ್ಶಿ ಸೂತ್ರಗಳು 2009ರಲ್ಲಿ ಮೊದಲಿಗೆ ಹೊರಬಂದು, ಅವುಗಳ ಮೂರನೆಯ ಆವೃತ್ತಿ 2023ರಲ್ಲಿ ಪ್ರಕಟವಾಯಿತು. ಬ್ಯಾಂಕ್ ಖಾತೆ ಮುಂತಾದವುಗಳಿಗೆ ಬೇಕಾದ ಡಿಜಿಟಲ್ ಗುರುತು ಪರಿಶೀಲನೆಯಲ್ಲಿ ಕಣ್ಣು ಮಿಟುಕಿಸಬೇಕೆಂಬ ಷರತ್ತಿನಿಂದ ಆಸಿಡ್ ದಾಳಿಗೆ ತುತ್ತಾದವರೂ ದೃಷ್ಟಿಹೀನರೂ ಹೊರಗುಳಿಯುತ್ತಿದ್ದ ಪ್ರಕರಣದಲ್ಲಿ, 2025ರ ಏಪ್ರಿಲ್ 30ರಂದು ಸರ್ವೋಚ್ಚ ನ್ಯಾಯಾಲಯವು ಡಿಜಿಟಲ್ ಸೌಲಭ್ಯಗಳ ಲಭ್ಯತೆ ಸಂವಿಧಾನದ 21ನೆಯ ಅನುಚ್ಛೇದದ ಜೀವಿಸುವ ಹಕ್ಕಿನ ಅಂಗವೆಂದು ತೀರ್ಪಿತ್ತಿತು. ಯಾವುದೇ ಪೆಟ್ಟಿಗೆಯನ್ನು ಪರೀಕ್ಷಿಸಲು ದುಬಾರಿ ಸಲಕರಣೆ ಬೇಕಿಲ್ಲ. ಮೌಸನ್ನು ಪಕ್ಕಕ್ಕಿಟ್ಟು ಟ್ಯಾಬ್, ಎಂಟರ್, ಎಸ್ಕೇಪ್ ಈ ಮೂರು ಕೀಲಿಗಳಿಂದಲೇ ತೆರೆದು, ಓದಿ, ಮುಚ್ಚಿ ನೋಡಿದರೆ ಅರ್ಧದಷ್ಟು ದೋಷಗಳು ಹೊರಬೀಳುತ್ತವೆ.

ಫೋನಿನಲ್ಲಿ ಓದುವವರ ತೊಂದರೆ ಬೇರೆ. ಪೆಟ್ಟಿಗೆ ಇಡೀ ಪರದೆಯನ್ನು ಆವರಿಸಿರುವುದರಿಂದ ಜನ ಅದನ್ನು ಪುಟವೆಂದೇ ತಿಳಿದು ಹಿಂದಕ್ಕೆ ಹೋಗುವ ಗುಂಡಿ ಒತ್ತುತ್ತಾರೆ. ಪೆಟ್ಟಿಗೆಯ ಬದಲು ಪಟ್ಟಿಯೇ ಮಾಯವಾಗಬಹುದು. ತೆರೆಯುವಾಗ ಬ್ರೌಸರಿನ ಇತಿಹಾಸದಲ್ಲಿ ಒಂದು ಹೆಜ್ಜೆಯನ್ನು ದಾಖಲಿಸಿ, ಹಿಂದಕ್ಕೆ ಒತ್ತಿದಾಗ ಪೆಟ್ಟಿಗೆ ಮಾತ್ರ ಮುಚ್ಚುವಂತೆ ಮಾಡಬಹುದು. ಉದ್ದನೆಯ ಅರ್ಜಿ ನಮೂನೆಗಳನ್ನಂತೂ ಪೆಟ್ಟಿಗೆಯಲ್ಲಿ ಇಡದಿರುವುದೇ ಮೇಲು. ಇಪ್ಪತ್ತು ಅಂಕಣ ತುಂಬಿದವರ ಬೆರಳು ಅಕಸ್ಮಾತ್ ಹೊರಗೆ ತಗುಲಿ ಎಲ್ಲವೂ ಅಳಿಸಿಹೋಗುವುದು ನ್ಯಾಯವಲ್ಲ.

ಪರರ ಬರಹ

ಬಂದ ತುಣುಕನ್ನು ಪುಟದೊಳಗೆ ಸೇರಿಸುವುದೆಂದರೆ ಅದಕ್ಕೆ ಮನೆಯವರ ಸ್ಥಾನ ಕೊಟ್ಟಂತೆ. ಗ್ರಂಥಾಲಯದ ಪೆಟ್ಟಿಗೆಯಲ್ಲಿ ಓದುಗರ ಅಭಿಪ್ರಾಯಗಳನ್ನೂ ತೋರಿಸುವುದಾದರೆ, ಅವರಲ್ಲಿ ಒಬ್ಬ ಅಭಿಪ್ರಾಯದ ಜೊತೆಗೆ ಆದೇಶವನ್ನೂ ಬರೆದಿಟ್ಟಿರಬಹುದು. ತುಣುಕಿನಲ್ಲಿರುವ ಸ್ಕ್ರಿಪ್ಟ್ ಭಾಗ ಇನ್ನರ್ ಎಚ್‌ಟಿಎಂಎಲ್ ಮೂಲಕ ಸೇರಿಸಿದಾಗ ಓಡುವುದಿಲ್ಲವೆಂಬುದು ನಿಜ, ಅಷ್ಟರಿಂದ ನಿಶ್ಚಿಂತರಾಗುವಂತಿಲ್ಲ. ಇಲ್ಲದ ಚಿತ್ರವೊಂದನ್ನು ಹೆಸರಿಸಿ, ಚಿತ್ರ ಸಿಗದಿದ್ದರೆ ಇದನ್ನು ಮಾಡು ಎಂಬ ಆದೇಶವನ್ನು ಅದಕ್ಕೆ ಅಂಟಿಸಿದರೆ ಆ ಆದೇಶ ನಡೆದೇ ತೀರುತ್ತದೆ. 2005ರ ಅಕ್ಟೋಬರ್‌ನಲ್ಲಿ ಮೈಸ್ಪೇಸ್ ತಾಣದಲ್ಲಿ ಸ್ಯಾಮಿ ಕಾಮ್ಕರ್ ಎಂಬ ತರುಣ ತನ್ನ ಪರಿಚಯದ ಪುಟದಲ್ಲಿ ಅಡಗಿಸಿಟ್ಟ ಜಾವಾಸ್ಕ್ರಿಪ್ಟ್, ನೋಡಿದವರ ಪುಟಗಳಿಗೆಲ್ಲ ತಾನೇ ನಕಲಾಗುತ್ತ ಒಂದು ದಿನದೊಳಗೆ ಹತ್ತು ಲಕ್ಷಕ್ಕೂ ಹೆಚ್ಚು ಖಾತೆಗಳಿಗೆ ಹಬ್ಬಿತು. ತಾಣದವರು ಜಾವಾಸ್ಕ್ರಿಪ್ಟನ್ನು ಸೋಸುತ್ತಲೇ ಇದ್ದರು, ಸೋಸಣಿಗೆಯಲ್ಲಿ ತೂತುಗಳಿದ್ದವು. ಜನರು ಬರೆದದ್ದನ್ನು ಬರಿಯ ಪಠ್ಯವೆಂದೇ ತೋರಿಸುವುದು ಎಲ್ಲಕ್ಕಿಂತ ಸುಲಭವೂ ಭದ್ರವೂ ಆದ ದಾರಿ. ಬೇರೆ ತಾಣದ ಪುಟಗಳನ್ನು ಹೀಗೆ ತರಲು ಬ್ರೌಸರುಗಳು ಆ ತಾಣದ ಒಪ್ಪಿಗೆಯಿಲ್ಲದೆ ಬಿಡುವುದಿಲ್ಲ. ಈ ನಿರ್ಬಂಧವನ್ನು ಕೆಲವರು ಕಿರುಕುಳವೆಂದು ಭಾವಿಸುತ್ತಾರಾದರೂ, ಅದಿಲ್ಲದಿದ್ದರೆ ಯಾವುದೋ ಪುಟ ತೆರೆದವರ ಬ್ಯಾಂಕ್ ಖಾತೆಯ ವಿವರವನ್ನು ಆ ಪುಟದ ಕಾರ್ಯಕ್ರಮ ಅವರ ಹೆಸರಿನಲ್ಲಿಯೇ ತರಿಸಿಕೊಳ್ಳಬಹುದಾಗಿತ್ತು.

ಸುಳ್ಳು ಕಿಟಕಿ

ಬಳಸುವವರು ತಿಳಿದಿರಬೇಕಾದ ಸಂಗತಿಯೊಂದು ಉಳಿದಿದೆ. ಪುಟದೊಳಗಿನ ಪೆಟ್ಟಿಗೆ ಆ ಪುಟದವರು ಬರೆದ ಚಿತ್ರ. ಅದಕ್ಕೆ ಅವರು ಬೇಕಾದ ವೇಷ ಹಾಕಬಹುದು. ಬ್ರೌಸರಿನ ಬೇರೆಯೇ ಕಿಟಕಿಯಂತೆ ಕಾಣುವ, ವಿಳಾಸದ ಪಟ್ಟಿ ಮತ್ತು ಬೀಗದ ಚಿಹ್ನೆಯನ್ನೂ ಹೊಂದಿರುವ ಪೆಟ್ಟಿಗೆಯನ್ನು ಬರೆದು ಅದರೊಳಗೆ ಗುಪ್ತಪದ ಕೇಳುವ ಮೋಸವನ್ನು 2022ರಲ್ಲಿ ಭದ್ರತಾ ಸಂಶೋಧಕರೊಬ್ಬರು ‘ಬ್ರೌಸರಿನೊಳಗೆ ಬ್ರೌಸರ್’ ಎಂಬ ಹೆಸರಿನಲ್ಲಿ ವಿವರಿಸಿದರು. ಅಲ್ಲಿ ಕಾಣುವ ಬ್ಯಾಂಕಿನ ವಿಳಾಸ ವಿಳಾಸವಲ್ಲ, ಅಕ್ಷರಗಳ ಚಿತ್ರ. ಮೇಜಿನ ಗಣಕದಲ್ಲಿ ಇದನ್ನು ಪತ್ತೆಹಚ್ಚುವುದು ಸುಲಭ. ಕಿಟಕಿಯ ತಲೆಯನ್ನು ಮೌಸಿನಿಂದ ಹಿಡಿದು ಪುಟದ ಅಂಚಿನಾಚೆಗೆ ಎಳೆಯಬೇಕು. ನಿಜವಾದ ಕಿಟಕಿ ಹೊರಗೆ ಬರುತ್ತದೆ, ಸುಳ್ಳು ಕಿಟಕಿ ಅಂಚಿನಲ್ಲಿಯೇ ಸಿಕ್ಕಿಕೊಳ್ಳುತ್ತದೆ. ಮೂಲ ಬ್ರೌಸರನ್ನು ಕಿರಿದುಗೊಳಿಸಿದಾಗಲೂ ಸುಳ್ಳು ಕಿಟಕಿ ಅದರೊಡನೆ ಮರೆಯಾಗುತ್ತದೆ. ಗುಪ್ತಪದಗಳನ್ನು ನೆನಪಿಟ್ಟುಕೊಳ್ಳುವ ತಂತ್ರಾಂಶ ನಿಜವಾದ ವಿಳಾಸವನ್ನೇ ನೋಡುವುದರಿಂದ ಸುಳ್ಳು ಕಿಟಕಿಯಲ್ಲಿ ಗುಪ್ತಪದ ತುಂಬುವುದಿಲ್ಲ. ಎಂದಿನಂತೆ ತಾನಾಗಿ ತುಂಬದಿದ್ದರೆ ಅಲ್ಲಿಯೇ ಕೈ ತಡೆಯಬೇಕು. ಫೋನಿನಲ್ಲಿ ಕಿಟಕಿಯನ್ನು ಎಳೆದು ನೋಡುವ ಅವಕಾಶವಿಲ್ಲ. ಅಲ್ಲಿ ಪುಟವನ್ನು ಮುಚ್ಚಿ, ಬ್ಯಾಂಕಿನ ವಿಳಾಸವನ್ನು ತಾವೇ ಬರೆದು ತೆರೆಯುವುದೊಂದೇ ನಂಬಬಹುದಾದ ದಾರಿ. ಹಣ ಈಗಾಗಲೇ ಕೈಬಿಟ್ಟಿದ್ದರೆ ತಡಮಾಡದೆ ರಾಷ್ಟ್ರೀಯ ಸೈಬರ್ ಅಪರಾಧ ಸಹಾಯವಾಣಿ 1930ಕ್ಕೆ ಕರೆಮಾಡಿ ದೂರು ದಾಖಲಿಸಬಹುದು; ದೂರು ಬೇಗ ತಲುಪಿದಷ್ಟೂ ಹಣ ಮುಂದಿನ ಖಾತೆಗೆ ಸಾಗುವ ಮುನ್ನ ತಡೆಹಿಡಿಯುವ ಸಾಧ್ಯತೆ ಹೆಚ್ಚು.